ಕಲ್ಲಿನ ಕಂಟೇನರಿನಲ್ಲಿ ತುಂಬಿದ ಉಡಿ

"ಸಕ್ಕರಿ ಹಾಕಬ್ಯಾಡೋ ತಮ್ಮಾ ಅಂತ ಎಷ್ಟ ಸಲ ಹೇಳಬೇಕು?"

"ನಾ ಹಾಕಿಲ್ರಿ ಸಾಹೇಬ್ರ. ಅದು ಮೊದಲ ಬಿದ್ದಿರತೈತ್ರಿ," ಎಂದ ಕುಳಗೇರಿ ಕ್ರಾಸಿನ ಚಹಾದಂಗಡಿಯವ, ತಪ್ಪೆಲ್ಲ ಪಾತ್ರೆಯದೇ ಎಂಬಂತೆ.

ಅವನು ಹೇಳಿದ್ದು ಸುಳ್ಳಲ್ಲ. ಈ ಸೀಮೆಯಲ್ಲಿ ಚಹಾ ಕುದಿಯುವುದೇ ಸಕ್ಕರೆಯಲ್ಲಿ. ಪುಡಿ, ಹಾಲು ಎಲ್ಲ ಆಮೇಲೆ ಬರುವ ನೆಂಟರು. ಸಕ್ಕರೆಯಿಲ್ಲದ್ದು ಬೇಕೆಂದರೆ ಬೇರೆ ಪಾತ್ರೆಯಲ್ಲಿ ಬೇರೆಯಾಗಿಯೇ ಮಾಡಬೇಕು, ಅದನ್ನು ಮೊದಲೇ ಹೇಳಬೇಕು.

ನಾಗಲಿಂಗ ಲೋಟವನ್ನು ಹಾಗೇ ಹಲಗೆಯ ಮೇಲಿಟ್ಟು, ಕಿಸೆಯಿಂದ ಗುಳಿಗೆ ತೆಗೆದು ಬರೀ ನೀರಿನಲ್ಲಿ ನುಂಗಿದ. ಬಂದರಿನ ಸುಂಕದ ಅಧಿಕಾರಿ ಆತ. ಅವನ ಒಂದು ಆದೇಶಕ್ಕೆ ಸಮುದ್ರದ ಮೇಲೆ ಹಡಗುಗಳು ನಿಲ್ಲುತ್ತವೆ. ಅಂಥವನು ಒಂದು ಚಮಚ ಸಕ್ಕರೆಯೆದುರು ಸೋತದ್ದು ನೋಡಿ, ಬೇರೆ ದಿನವಾಗಿದ್ದರೆ ಇನ್‌ಸ್ಪೆಕ್ಟರ್ ರಾಜಶ್ರೀ ನಕ್ಕುಬಿಡುತ್ತಿದ್ದಳು.

ಇವತ್ತು ನಗು ಬರಲಿಲ್ಲ. ಅವಳ ಕಣ್ಣು ಪಶ್ಚಿಮಕ್ಕೆ ವಾಲುತ್ತಿದ್ದ ಸೂರ್ಯನ ಮೇಲಿತ್ತು.

"ದುರಗಪ್ಪ, ಹೊರಡೂನು," ಎಂದಳು ಜೀಪಿನ ಚಾಲಕನಿಗೆ. "ಬಾದಾಮಿ ದಾಟಿ ಸೀದಾ ಐಹೊಳಿ. ಎಲ್ಲೂ ನಿಲ್ಲಸಬ್ಯಾಡ."

"ಆತ್ರಿ ಮೇಡಮ್ಮಾರ."

ಬಂದರಿನಲ್ಲಿ, ಇಳಕಲ್ಲಿನ ಕೆಂಪು ಕಲ್ಲು ತುಂಬಿದ ಕಂಟೇನರಿನ ಬಾಗಿಲ ಸಂದಿಯಿಂದ ಇರುವೆ ಸಾಲು ಹೊರಡದೇ ಹೋಗಿದ್ದರೆ ಈ ಓಟವೇ ಇರುತ್ತಿರಲಿಲ್ಲ.

ಕಲ್ಲಿಗೆ ಇರುವೆ ಮುತ್ತುವುದುಂಟೆ? ಸ್ಕ್ಯಾನಿಂಗ್ ಯಂತ್ರ ಏನೂ ಕಾಣದೆ ಆ ಪೆಟ್ಟಿಗೆಯನ್ನು ಪಾಸು ಮಾಡಿತ್ತು. ಕಲ್ಲಿನೊಳಗೆ ಕಲ್ಲಿದ್ದರೆ ಯಂತ್ರಕ್ಕೆ ಎಲ್ಲ ಒಂದೇ. ಬಾಗಿಲಿನ ಸೀಲೂ ಗಟ್ಟಿಯಾಗಿತ್ತು. ಸೀಲನ್ನು ಲೆಕ್ಕಕ್ಕಿಡದವು ಇರುವೆಗಳು ಮಾತ್ರ. ತೆರೆಸಿ ನೋಡಿದರೆ ಹಲಗೆಗಲ್ಲುಗಳ ನಡುವೆ, ಹುಲ್ಲಿನ ಮೆತ್ತೆಯಲ್ಲಿ, ದೇವಿಯೊಬ್ಬಳು ಮಲಗಿದ್ದಳು. ಐಹೊಳೆ ಸೀಮೆಯ ಹಳೆಯ ಕೆತ್ತನೆ. ಮೂಗು ಮುಕ್ಕಾಗಿರಲಿಲ್ಲ, ನಗುವೂ ಮಾಸಿರಲಿಲ್ಲ. ಅವಳ ಮಡಿಲಲ್ಲಿ ಗುಳೇದಗುಡ್ಡದ ಕುಪ್ಪಸದ ಖಣ, ಖಣದೊಳಗೆ ಅಕ್ಕಿ, ಕೊಬ್ಬರಿ ಬಟ್ಟಲು, ಉತ್ತತ್ತಿ, ಅರಿಷಿಣ ಬೇರು, ಒಂದು ತುಂಡು ಬೆಲ್ಲ.

ಕರಾವಳಿಯ ಸಹೋದ್ಯೋಗಿಗಳು ಅದನ್ನು ಪೂಜೆಯ ಸಾಮಾನು ಎಂದು ಬರೆದುಕೊಂಡರು. ರಾಜಶ್ರೀಗೆ ಮಾತ್ರ ಅದರ ಗುರುತು ಸಿಕ್ಕಿತು. ಅದು ಪೂಜೆಯಲ್ಲ, ಉಡಿ. ತವರಿನಿಂದ ಹೊರಡುವ ಹೆಣ್ಣುಮಗಳ ಸೆರಗಿಗೆ ತುಂಬಿ ಕಳಿಸುವ ಉಡಿ. ಖಣದ ಗಂಟನ್ನು ಕರಿ ಕಂಬಳಿಯ ಎಳೆಯಿಂದ ಬಿಗಿದು, ಮೇಲೆ ಬೀರಪ್ಪ ದೇವರ ಭಂಡಾರದ ಅರಿಷಿಣ ಸವರಿತ್ತು. ಹಾಗೆ ಕಟ್ಟುತ್ತಿದ್ದವಳು ಅವಳ ಅಜ್ಜಿ. ಅಜ್ಜಿ ಹೋದ ಮೇಲೆ ಆ ಪದ್ಧತಿ ಬಿಡದೆ ನಡೆಸಿಕೊಂಡು ಬಂದವಳು ಒಬ್ಬಳೇ, ಐಹೊಳೆಯಲ್ಲಿರುವ ಸೋದರತ್ತೆ ರೇಣವ್ವ.

ಕಂಟೇನರನ್ನು ಬಂದರಿಗೆ ಒಯ್ದ ಲಾರಿಯ ಚಾಲಕ ರೇಣವ್ವನ ಮಗ ಸೋಮಲಿಂಗ. ದೇವಿ ಸಿಕ್ಕ ದಿನದಿಂದ ಅವನು ಕಾಣೆಯಾಗಿದ್ದ.

"ಒಂದ ಮಾತ ಕೇಳ್ತೇನಿ, ಸಿಟ್ಟಾಗಬ್ಯಾಡ್ರಿ," ಎಂದ ನಾಗಲಿಂಗ, ಜೀಪು ಬಾದಾಮಿಯ ಪೇಟೆ ದಾಟುವಾಗ. "ಸೋಮಲಿಂಗನ ಕಳ್ಳ ಅಂತ ಖಾತ್ರಿ ಆದ್ರ ಏನ್ಮಾಡ್ತೀರಿ?"

"ಕೋಳ ಹಾಕ್ತೇನಿ."

"ಅತ್ತೀ ಮಗಾ ಅಲ್ರೀ?"

"ಸಣ್ಣಾಕಿದ್ದಾಗ ಅವನ್ನ ತೋರಿಸಿ ನಿನ್ನ ಗಂಡ ಬಂದಾ ನೋಡು ಅಂತ ಎಲ್ಲಾರೂ ಚಾಷ್ಟಿ ಮಾಡತಿದ್ರು. ನಾ ಕಲ್ಲ ಒಗೀತಿದ್ದೆ," ಎಂದಳು ರಾಜಶ್ರೀ. "ಈಗ ಅವಾ ಜೀವಂತ ಸಿಕ್ರ ಸಾಕಾಗೇತ್ರಿ ಸರ್. ಕೋಳ ಆಮ್ಯಾಲ."

ಹೇಳಿದ ಮೇಲೆ ಅವಳಿಗೇ ಭಯವಾಯಿತು. ಅಷ್ಟು ಹೊತ್ತು ಆ ಮಾತನ್ನು ಅವಳು ಬಾಯಿಗೆ ತಂದಿರಲಿಲ್ಲ.

"ಓಡಿ ಹೋಗ್ಯಾನ್ರೀ, ಜೀವಕ್ಕೇನಾಗೇತಿ," ಎಂದ ನಾಗಲಿಂಗ.

"ಸೀಲು, ಸರ್? ಲಾರಿ ಅವಾ ಓಡಸಬಹುದು, ದೇವಿನ್ನ ಎತ್ತಿ ಇಡಬಹುದು. ಆದ್ರ ಕಲ್ಲ ತುಂಬಿ ಯಾರ್ಡ್ ಬಿಡುವಾಗನ ಸೀಲ್ ಬಿದ್ದಿತ್ತು. ಅದನ್ನ ಕತ್ತರಿಸಿ ತೆಗೀಬೇಕು. ಮತ್ತ ಹಾಕಾಕ ಅಂಥಾದ ಹೊಸಾದು ಬೇಕು. ಅದನ್ನ ಕೊಟ್ಟವ್ರು ಯಾರು?"

"ಪ್ಯಾಟ್ಯಾಗ ಏನ್ ಸಿಗೂದಿಲ್ರಿ ಮೇಡಂ? ಆ ರಾಚಪ್ಪ ಸಣ್ಣ ಕುಳಾ ಅಲ್ಲ."

ರಾಚಪ್ಪ ಇಳಕಲ್ಲಿನ ಆ ಕಲ್ಲಿನ ಯಾರ್ಡಿನ ಮಾಲೀಕ. ನಿನ್ನೆಯಿಂದ ಫೋನು ತೆಗೆಯುತ್ತಿರಲಿಲ್ಲ. ಕುಂಬಳಕಾಯಿ ಕಳ್ಳ ಎಂದರೆ ಹೆಗಲು ಮುಟ್ಟಿ ನೋಡಿಕೊಳ್ಳುವ ಗಿರಾಕಿಯೇ ಅವನು. ಆದರೂ ರಾಜಶ್ರೀಯ ಮನಸ್ಸು ಮಾತ್ರ ಸೀಲನ್ನು ಬಿಟ್ಟು ಕದಲಲಿಲ್ಲ.

ಚಿಂತೆ ಅದೊಂದೇ ಆಗಿರಲಿಲ್ಲ. ಬಂದರಿನಾಚೆ ಲಂಗರು ಹಾಕಿ ನಿಂತ ಹಡಗಿನಲ್ಲಿ ಅದೇ ಯಾರ್ಡಿನ ಇನ್ನೊಂದು ಕಂಟೇನರ್ ಇತ್ತು. ಇರುವೆ ಕಾಣುವ ಮೊದಲೇ ಅದು ಹಡಗು ಹತ್ತಿತ್ತು. ಸಂಜೆ ಭರತದ ನೀರು ಏರಿದೊಡನೆ ಹಡಗು ಹೊರಡುತ್ತದೆ. ನಮ್ಮ ನೀರು ದಾಟಿತೋ, ಆಮೇಲೆ ಕೈಗೆ ಸಿಗುವುದು ಬರೀ ಅಲೆ.

ಕರಾವಳಿ ಜಂಟಿ ಪಡೆ ಎಂಬ ಹೆಸರು ದೊಡ್ಡದು. ಒಳಗೆ ನೋಡಿದರೆ ನಾಲ್ಕು ಮನೆಯವರು ಒಂದೇ ಒಲೆಯ ಮುಂದೆ ಕೂತ ಸಂಸಾರ. ಕೋಸ್ಟ್ ಗಾರ್ಡ್‌ನವರು ಹಡಗು ತಡೆಯಬಲ್ಲರು, ಕಂಟೇನರ್ ತೆರೆಯುವಂತಿಲ್ಲ. ಸುಂಕದವರು ಕಂಟೇನರ್ ತೆರೆಯಬಲ್ಲರು, ಹಡಗಿನ ಹಿಂದೆ ಓಡಲು ಅವರಿಗೆ ದೋಣಿಯಿಲ್ಲ. ಪೊಲೀಸರ ಕೋಳ ದಡದ ಮೇಲಷ್ಟೇ ನಡೆಯುತ್ತದೆ. ಬಂದರಿನವರಿಗೋ, ಬಂದ ಹಡಗು ಬೇಗ ತೊಲಗಿದರೆ ಪುಣ್ಯ. ಇವರೆಲ್ಲರ ಕೈ ಕೂಡಬೇಕಾದರೆ ಮೊದಲು ಸುಂಕದ ಅಧಿಕಾರಿಯ ಆದೇಶ ಹೋಗಬೇಕು. ಅಂದರೆ ನಾಗಲಿಂಗನದು.

"ಬರೇ ಅನುಮಾನದ ಮ್ಯಾಲ ಹಡಗ ನಿಲ್ಲಸಾಕ ಬರೂದಿಲ್ರಿ," ಎಂದು ಅವನು ಮೊದಲೇ ಹೇಳಿದ್ದ. "ಇನ್ನೊಂದ ಮೂರ್ತಿ ಹೋಗೇತಿ ಅಂತ ಕಣ್ಣಾರೆ ಕಂಡವ್ರು ಒಬ್ರ ಹೇಳ್ಲಿ. ಆ ಕ್ಷಣ ಫೋನ್ ಮಾಡ್ತೇನಿ."

ರಾಜಶ್ರೀಗೆ ಅದು ನ್ಯಾಯವಾಗಿಯೇ ಕಂಡಿತ್ತು.

ಐಹೊಳೆಯ ಗುಡಿಗಳ ಶಿಖರ ಕಾಣುವ ಹೊತ್ತಿಗೆ ಅವಳ ಫೋನು ಗುಣುಗಿತು. ಸಮುದ್ರದ ಮೇಲಿದ್ದ ಗಸ್ತು ಹಡಗಿನ ಅಧಿಕಾರಿ. "ಮೇಡಂ, ಅವರು ಇಂಜಿನ್ ಶುರು ಮಾಡಿದ್ದಾರೆ. ನಾವು ಸುತ್ತ ತಿರುಗ್ತಾ ಇದ್ದೇವೆ. ಆದೇಶ ಇಲ್ಲದೆ ಮುಟ್ಲಿಕ್ಕೆ ಆಗುದಿಲ್ಲ."

"ಇನ್ನೊಂದು ಸ್ವಲ್ಪ ಹೊತ್ತು ಸರ್," ಎಂದಳು. ಅವಳ ದನಿ ಅವಳಿಗೇ ಬೇಡಿಕೊಂಡಂತೆ ಕೇಳಿಸಿತು.

ರೇಣವ್ವನ ಮನೆ ಊರ ಅಂಚಿನಲ್ಲಿ, ರಸ್ತೆಗೆ ಹತ್ತಿಕೊಂಡೇ ಇದೆ. ಪಕ್ಕದಲ್ಲಿ ಕುರಿದಡ್ಡಿ, ಅದರಾಚೆ ಬೇವಿನ ಮರ. ಜೀಪಿನ ಸದ್ದಿಗೆ ಹೊರಬಂದ ಅತ್ತೆ ಸೊಸೆಯನ್ನು ಕಂಡು ಎರಡೂ ಕೈ ಚಾಚಿದಳು.

"ಬಾರ ನನ್ನವ್ವ, ರಾಜೀ! ಎಷ್ಟ ಸೊರಗೀಯಲ್ಲ..."

ಮಾತು ಅಲ್ಲಿಗೇ ನಿಂತಿತು. ರೇಣವ್ವನ ಕಣ್ಣು ರಾಜಶ್ರೀಯ ಹೆಗಲಾಚೆ ಹೋಗಿತ್ತು. ಚಾಚಿದ ಕೈ ಮೆಲ್ಲಗೆ ಇಳಿದು ಸೆರಗನ್ನು ತಲೆಯ ಮೇಲೆಳೆದುಕೊಂಡಿತು.

"ಇವ್ರು ನಾಗಲಿಂಗ ಸರ್ ಅಂತ. ನಮ್ಮ ತಂಡದ ಸಾಹೇಬ್ರು."

"ಬರ್ರಿ," ಎಂದಳು ರೇಣವ್ವ.

ಬಳೆ ಮಾರುವ ದೌಲತಬಿಯಿಂದ ಹಿಡಿದು ದಾರಿ ಕೇಳಲು ಬಂದ ಪ್ರವಾಸಿಗಳವರೆಗೆ, ಯಾವೂರು, ಯಾರ ಮಕ್ಕಳು ಎಂದು ಕೇಳದೆ ರೇಣವ್ವ ಯಾರನ್ನೂ ಹೊಸ್ತಿಲು ದಾಟಿಸಿದವಳಲ್ಲ. ಇವತ್ತು ಕೇಳಲಿಲ್ಲ. ಸರಕಾರಿ ಸಾಹೇಬರೆಂದರೆ ಹೆದರಿಕೆ, ಪಾಪ ಎಂದುಕೊಂಡಳು ರಾಜಶ್ರೀ.

"ನೀವು ಮನಿ ಮಂದಿ ಮಾತಾಡ್ರಿ," ಎಂದ ನಾಗಲಿಂಗ. ಕಟ್ಟೆಯ ತುದಿಗೆ ಕನ್ನಡಕದ ಡಬ್ಬಿಯಿಟ್ಟು, ಬಾಗಿಲಿಗೆ ಹತ್ತಿರವಾಗಿಯೇ ಕೂತ. "ನಾ ಇಲ್ಲೇ ಇರ್ತೇನಿ."

ರಾಜಶ್ರೀ ಪಡಸಾಲೆಯಲ್ಲಿ ಕೂತವಳೇ ಫೋನಿನಲ್ಲಿದ್ದ ಚಿತ್ರವನ್ನು ಅತ್ತೆಯ ಮುಂದೆ ಹಿಡಿದಳು. ಖಣ, ಅಕ್ಕಿ, ಕರಿ ಎಳೆಯ ಗಂಟು.

"ಅತ್ತಿ, ಇದನ್ನ ಕಟ್ಟಿದ್ದ ಯಾರು?"

"ನಂಗೇನ ಗೊತ್ತವ್ವಾ. ಖಣಾ ಎಲ್ಲಾರ ಮನ್ಯಾಗೂ ಇರ್ತಾವ."

"ಕಂಬಳಿ ಎಳಿ?"

"ಕುರಿ ಇದ್ದವ್ರ ಮನ್ಯಾಗ ಕಂಬಳಿ ಇರ್ತಾವ." ರೇಣವ್ವ ಬೇಕೆಂದೇ ಗಟ್ಟಿಯಾಗಿ ಹೇಳುತ್ತಿದ್ದಳು. ಮುಖ ಸೊಸೆಯ ಕಡೆಗಿದ್ದರೂ ಮಾತು ಬಾಗಿಲ ಕಡೆಗೆ ಹೋಗುತ್ತಿತ್ತು.

"ನಾ ನೌಕರಿಗೆ ಹೊಂಟಾಗ ನನ್ನ ಉಡಿಗೂ ಇದ ಎಳಿ ಕಟ್ಟಿದ್ದಿ. ಅದಿನ್ನೂ ನನ್ನ ಪೆಟ್ಟಿಗ್ಯಾಗ ಐತಿ. ತಂದು ತೋರಸ್ಲ್ಯಾ?"

ರೇಣವ್ವ ಚಿತ್ರದಿಂದ ಕಣ್ಣು ತೆಗೆದಳು. "ಚಾ ಇಡ್ತೇನಿ," ಎಂದು ಎದ್ದು ಒಳಗೆ ಹೋದಳು.

ರಾಜಶ್ರೀ ಹಿಂದೆಯೇ ನಡೆದಳು. ಅಡುಗೆಮನೆಯಲ್ಲಿ ಅತ್ತೆ ದೊಡ್ಡ ಪಾತ್ರೆಯನ್ನು ಒಲೆಯ ಮೇಲಿಟ್ಟು, ಪಕ್ಕದ ಒಲೆಗೆ ಇನ್ನೊಂದು ಪುಟ್ಟ ಪಾತ್ರೆ ಏರಿಸಿದಳು. ಹಾಲು ಇರಬೇಕು. ಆಮೇಲೆ ಶುಂಠಿ ತೆಗೆದುಕೊಂಡು ಕಲ್ಲಿನ ಮೇಲೆ ದಬದಬ ಜಜ್ಜತೊಡಗಿದಳು. ಒಂದು ಚಹಾಕ್ಕೆ ಅಷ್ಟು ಜಜ್ಜುವ ಅಗತ್ಯವಿರಲಿಲ್ಲ. ಆ ಸದ್ದಿನ ಅಡಿಯಲ್ಲಿ, ತಲೆಯೆತ್ತದೆ, ಪಿಸುಗುಟ್ಟಿದಳು.

"ತವರ ಬಿಟ್ಟ ಹೋಗೂ ಹೆಣ್ಣಮಗಳನ್ನ ಬರೀ ಉಡಿಲೆ ಹ್ಯಾಂಗ ಕಳಸ್ಲೆವ್ವಾ?"

ರಾಜಶ್ರೀ ಹತ್ತಿರ ಸರಿದಳು.

"ಹೊಲಾ ಹಸನ ಮಾಡುವಾಗ ಸಿಕ್ರು, ಅಕ್ಕ ತಂಗಿ. ಮ್ಯೂಸಿಯಮ್ಮಿಗೆ ಒಯ್ತೀವಿ, ಅಲ್ಲೀ ಮಟಾ ನಿಮ್ಮ ದಡ್ಡ್ಯಾಗ ಇರ್ಲಿ ಅಂದ್ರು. ಸೋಮ್ಯಾ ನಂಬಿದ. ನಾನೂ ನಂಬಿದೆ. ದಿನಾ ದೀಪಾ ಹಚ್ಚಿದೆ. ಒಯ್ಯೂ ದಿನಾ ಅವ್ರೆಲ್ಲಾ ಲಾರಿ ಹಂತ್ಯಾಕ ಹೋದಾಗ ಹುಲ್ಲ ಸರಿಸಿ ಉಡಿ ತುಂಬಿದೆ. ಯಾರಿಗೂ ಕಾಣ್ಲಿಲ್ಲ."

"ಅಕ್ಕ ತಂಗಿ? ಇಬ್ರ?"

"ಇಬ್ರಿಗೂ ತುಂಬೀನಿ. ಮೊದಲ ಹೋದಾಕಿಗೂ, ಆಮ್ಯಾಲ ಹೋದಾಕಿಗೂ."

ಮೊದಲು ಹೋದವಳು ಹಡಗಿನಲ್ಲಿದ್ದಳು. ಅನುಮಾನವಾಗಿದ್ದದ್ದು ಈಗ ಸಾಕ್ಷಿಯಾಗಿತ್ತು.

"ಸೋಮಲಿಂಗ ಎಲ್ಲಿ, ಅತ್ತಿ?"

ಜಜ್ಜುವ ಕೈ ನಿಂತಿತು. ಹೊರಗೆ ಕಟ್ಟೆಯ ಮೇಲೆ ಯಾರೋ ಕೆಮ್ಮಿದ ಸದ್ದು ಕೇಳಿತು. ಕೈ ಮತ್ತೆ ಜೋರಾಗಿ ಶುರುವಾಯಿತು.

"ಹಡಗ ಹೋದ ಮ್ಯಾಲ ಮನಿಗೆ ಬರ್ತಾನ ಅಂದಾರ. ಅಲ್ಲೀ ತನಕ ಬಾಯಿ ಬಿಡಬಾರ್ದು ಅಂದಾರ."

"ಯಾರು? ರಾಚಪ್ಪನ?"

"ಹೆಸರ ಕೇಳಬ್ಯಾಡ. ಹೆಸರ ಬಿದ್ರ ಮಗಾ ಬರೂದಿಲ್ಲ." ರೇಣವ್ವನ ಕಣ್ಣಲ್ಲಿ ನೀರು ತುಂಬಿ ಶುಂಠಿಯ ಮೇಲೆ ಉದುರಿತು. "ಬೇಲಿನ ಎದ್ದ ಹೊಲಾ ಮೇದ್ರ ಯಾರ ಮುಂದ ಹೇಳೂದವ್ವಾ?"

ತನ್ನ ಮಗನೇ ದೇವಿಯನ್ನು ಸಾಗಿಸಿದ ಎಂದು ಅತ್ತೆ ಕೊರಗುತ್ತಿದ್ದಾಳೆ ಎಂದು ರಾಜಶ್ರೀ ಅರ್ಥ ಮಾಡಿಕೊಂಡಳು. ಅವಸರದಲ್ಲಿದ್ದವರಿಗೆ ಗಾದೆ ಬಿಡಿಸಿ ನೋಡುವ ವ್ಯವಧಾನ ಎಲ್ಲಿರುತ್ತದೆ?

"ಅತ್ತಿ, ನನ್ನ ಕಡೆ ನೋಡು. ಹಡಗ ಹೋತು ಅಂದ್ರ ಅವ್ರಿಗೆ ಸೋಮಲಿಂಗನ ಕಡೆಯಿಂದ ಏನ ಕೆಲಸ ಉಳದೈತಿ? ಅವ್ರನ್ನೆಲ್ಲಾ ಕಂಡವಾ ಅವನೊಬ್ನ. ಬಿಡ್ತಾರೇನ ಅವನ್ನ?"

ರೇಣವ್ವ ಕಲ್ಲನ್ನು ಕೈಬಿಟ್ಟಳು. ಇಷ್ಟು ದಿನ ಯೋಚಿಸಲು ಧೈರ್ಯವಿಲ್ಲದೆ ಮುಚ್ಚಿಟ್ಟದ್ದನ್ನು ಯಾರೋ ಬಾಗಿಲು ತೆರೆದು ತೋರಿಸಿದಂತೆ ಸೊಸೆಯನ್ನೇ ನೋಡಿದಳು.

"ಹಡಗ ನಿಂತ್ರ ಅವಾ ಉಳೀತಾನ. ಅವ್ರು ಗಾಬರಿ ಬೀಳ್ತಾರ, ನಮಗ ಹೊತ್ತ ಸಿಗತೈತಿ," ಎಂದಳು ರಾಜಶ್ರೀ. ಅದು ಖರೆಯೋ, ತನಗೆ ತಾನೇ ಹೇಳಿಕೊಂಡ ಸಮಾಧಾನವೋ ಅವಳಿಗೂ ಗೊತ್ತಿರಲಿಲ್ಲ. ಅತ್ತೆಯ ಉತ್ತರಕ್ಕೂ ಕಾಯದೆ ಹೊರಗೋಡಿದಳು.

"ರಾಜೀ, ತಡಿಯವ್ವಾ..." ಎಂಬ ಮಾತು ಅವಳ ಬೆನ್ನ ಹಿಂದೆಯೇ ಉಳಿಯಿತು.

"ಸರ್, ಎರಡ ಮೂರ್ತಿ! ಇನ್ನೊಂದು ಹಡಗಿನ್ಯಾಗ ಐತಿ. ಕಣ್ಣಾರೆ ಕಂಡವ್ರು ಹೇಳ್ಯಾರ. ಈಗ ನಿಲ್ಲಸ್ರಿ."

ನಾಗಲಿಂಗ ತಟ್ಟನೆ ಎದ್ದು ನಿಂತ. "ಖರೆ?"

"ನನ್ನ ಕಿವಿಲೆ ಕೇಳೀನಿ."

"ಭೇಷ್ ಮೇಡಂ." ಅವನು ಫೋನು ತೆಗೆದು, ರೇಂಜು ಸಿಗಲೆಂದು ದಡ್ಡಿಯಾಚೆಯ ಬೇವಿನ ಮರದ ತನಕ ಹೋದ. ಬೆನ್ನು ಇತ್ತ ಮಾಡಿ, ಕೈಯಾಡಿಸುತ್ತ ಮಾತಾಡಿದ. ತಿರುಗಿ ಬರುವಾಗ ಮುಖ ಹಗುರವಾಗಿತ್ತು.

"ಆತ್ರಿ. ಆದೇಶ ಹೋತು. ಹಡಗ ನಿಂತ್ಹಂಗ."

ರಾಜಶ್ರೀ ಕಟ್ಟೆಯ ಮೇಲೆ ಕೂತು ಕಣ್ಣು ಮುಚ್ಚಿದಳು. ಸಾಕು. ಇನ್ನು ಸೋಮಲಿಂಗನನ್ನು ಹುಡುಕುವುದೊಂದೇ ಕೆಲಸ.

ಅಷ್ಟರಲ್ಲಿ ರೇಣವ್ವ ತಟ್ಟೆ ಹಿಡಿದು ಬಂದಳು. ಯಾರ ಮುಖವನ್ನೂ ನೋಡದೆ ಒಂದು ಲೋಟ ದುರಗಪ್ಪನ ಕೈಗೆ ಕೊಟ್ಟಳು, ಒಂದನ್ನು ರಾಜಶ್ರೀಯ ಬಲಕ್ಕಿಟ್ಟಳು, ಇನ್ನೊಂದನ್ನು ಅವಳ ಎಡಕ್ಕೆ ಕಟ್ಟೆಯ ತುದಿಯಲ್ಲಿದ್ದ ಕನ್ನಡಕದ ಡಬ್ಬಿಯ ಪಕ್ಕಕ್ಕಿಟ್ಟು ಬಾಗಿಲಿಗೆ ಸರಿದಳು. ನಾಗಲಿಂಗ ಅಂಗಳದಲ್ಲೇ ನಿಂತು ಕರ್ಚೀಫಿನಿಂದ ಕುತ್ತಿಗೆ ಒರೆಸಿಕೊಳ್ಳುತ್ತಿದ್ದ.

ರಾಜಶ್ರೀ ಲಕ್ಷ್ಯವಿಲ್ಲದೆ ಎಡಗೈ ಚಾಚಿ ಸಿಕ್ಕ ಲೋಟವನ್ನು ಎತ್ತಿ ಒಂದು ಗುಟುಕು ಕುಡಿದಳು.

ಕಹಿಯಾಗಿತ್ತು.

ದುಃಖದಲ್ಲಿ ಅತ್ತೆ ಸಕ್ಕರೆ ಮರೆತಿದ್ದಾಳೆ ಎಂದುಕೊಂಡಳು. ಅವಳಿಗೆ ಅಯ್ಯೋ ಎನಿಸಿತು.

"ಚಾ ಭಾರಿ ಆಗೇತಿ ಬಿಡಬೇ ಯವ್ವಾ," ಎಂದ ದುರಗಪ್ಪ ಜೀಪಿಗೆ ಒರಗಿ, ತುಟಿ ನೆಕ್ಕಿಕೊಂಡು. "ಸಕ್ಕರಿ ಮುಂದಾಗಿ ಹಾಕೀರಿ. ಹಿಂಗ ಇರಬೇಕ ನೋಡ್ರಿ."

ರಾಜಶ್ರೀಯ ಕೈ ಗಾಳಿಯಲ್ಲೇ ನಿಂತಿತು.

ಅವನ ಲೋಟದಲ್ಲಿ ಸಕ್ಕರೆಯಿತ್ತು. ಅವಳ ಬಲಕ್ಕಿದ್ದ ಲೋಟದಲ್ಲೂ ಇರಲೇಬೇಕು. ಕೈಯಲ್ಲಿದ್ದದ್ದು ಕನ್ನಡಕದ ಡಬ್ಬಿಯ ಪಕ್ಕದಿಂದ ಎತ್ತಿದ ಲೋಟ. ಒಲೆಯ ಮೇಲೆ ದೊಡ್ಡ ಪಾತ್ರೆಯ ಜೊತೆ ಒಂದು ಪುಟ್ಟ ಪಾತ್ರೆಯಿತ್ತು. ಅದು ಹಾಲಿನದಾಗಿರಲಿಲ್ಲ.

ನಾಗಲಿಂಗನಿಗೆ ಸಕ್ಕರೆ ಆಗುವುದಿಲ್ಲ ಎಂದು ಅತ್ತೆಗೆ ಹೇಳಿದವರು ಯಾರು? ರಾಜಶ್ರೀ ಹೇಳಿರಲಿಲ್ಲ. ದುರಗಪ್ಪ ಜೀಪು ಬಿಟ್ಟು ಬಂದಿರಲಿಲ್ಲ. ನಾಗಲಿಂಗ ಕಟ್ಟೆ ಬಿಟ್ಟು ಒಳಗೆ ಬಂದಿರಲಿಲ್ಲ. ಆದರೂ ಹೆಸರು ಹೇಳಲು ಹೆದರಿದ ಹೆಂಗಸು, ಮನೆಗೆ ಬಂದವನ ರುಚಿಯನ್ನು ಮರೆತಿರಲಿಲ್ಲ. ಕಲ್ಲಿನ ದೇವಿಯನ್ನೂ ಬರಿದೇ ಕಳಿಸದ ಆ ಕೈಗೆ, ಎಷ್ಟು ಹೆದರಿದರೂ, ಬಂದವನಿಗೆ ಆಗದ್ದನ್ನು ಕೊಡುವುದು ಗೊತ್ತಿರಲಿಲ್ಲ. ಅವನು ಈ ಕಟ್ಟೆಯ ಮೇಲೆ ಹಿಂದೆಯೂ ಕೂತಿದ್ದ. ಚಹಾ ಕುಡಿದಿದ್ದ.

ಸುಂಕದ ಅಧಿಕಾರಿಯ ಕೈಯಲ್ಲೇ ಇರುವಂಥ ಹೊಸ ಸೀಲು ಎಲ್ಲಿಂದ ಬಂತು ಎಂಬುದೂ ಆಗಲೇ ಹೊಳೆಯಿತು. ಬೇಲಿಯ ಗಾದೆಯೂ ಅರ್ಥವಾಯಿತು. ಸೋಮಲಿಂಗ ಎಲ್ಲಿದ್ದಾನೆಂದು ಬಲ್ಲವನ ಮುಂದೆಯೇ, ಅವನ ತಾಯಿ ಬಾಯಿ ಬಿಟ್ಟಳೆಂದು ತಾನೇ ಓಡಿಬಂದು ಹೇಳಿದ್ದಳು.

ಫೋನು ಗುಣುಗಿತು.

"ಮೇಡಂ," ಎಂದಿತು ಸಮುದ್ರದ ದನಿ, ಗಾಳಿಯಲ್ಲಿ ಹರಿದು. "ಲಂಗರು ಎತ್ತುತ್ತಾ ಇದ್ದಾರೆ. ನಮಗೆ ಇನ್ನೂ ಯಾವ ಆದೇಶವೂ ಬರ್ಲಿಲ್ಲ. ಎಂತ ಮಾಡುದು? ಬಿಡುದಾ, ತಡೆಯುದಾ?"

ನಾಗಲಿಂಗ ಕರ್ಚೀಫನ್ನು ಮಡಚಿ ಕಿಸೆಗಿಟ್ಟ. ಅವನ ನೋಟ ರಾಜಶ್ರೀಯ ಕೈಯ ಲೋಟದ ಮೇಲೆ ನಿಂತಿತು. ಅಲ್ಲಿಂದ ಬಾಗಿಲಲ್ಲಿದ್ದ ರೇಣವ್ವನ ಮೇಲೆ ಹೋಯಿತು. ಮತ್ತೆ ರಾಜಶ್ರೀಯ ಮುಖಕ್ಕೆ ಬಂದಾಗ ಅದರಲ್ಲಿ ಹಗುರ ಉಳಿದಿರಲಿಲ್ಲ.

"ಗಸ್ತಿನವ್ರೇನ್ರಿ?" ಎಂದ, ಬಹಳ ಮೆತ್ತಗೆ. ಒಂದು ಹೆಜ್ಜೆ ಮುಂದೆ ಬಂದು ಅಂಗೈ ಚಾಚಿದ. "ಕೊಡ್ರಿ ಫೋನ್. ನಾ ಮಾತಾಡ್ತೇನಿ."

ಅವನ ಹಿಂದೆ, ಹೊಸ್ತಿಲಲ್ಲಿ, ರೇಣವ್ವ ಸೆರಗಿನ ತುದಿಯನ್ನು ಬಾಯಿಗೆ ಒತ್ತಿಕೊಂಡು ಬೇಡ, ಬೇಡ ಎಂದು ತಲೆಯಾಡಿಸುತ್ತಿದ್ದಳು. ಫೋನು ಕೊಡಬೇಡ ಎಂದೋ, ಮಗನನ್ನು ಕೊಲ್ಲಿಸಬೇಡ ಎಂದೋ?

"ಮೇಡಂ? ಕೇಳ್ತಾ ಉಂಟಾ?"

ರಾಜಶ್ರೀ ಫೋನನ್ನು ಕಿವಿಯಿಂದ ತೆಗೆಯಲಿಲ್ಲ. ಇನ್ನೊಂದು ಕೈಯಲ್ಲಿದ್ದ ಲೋಟವನ್ನು ಅವನ ಚಾಚಿದ ಅಂಗೈಯ ಮೇಲೆ ಮೆಲ್ಲಗಿಟ್ಟಳು.

"ಮೊದಲ ಚಾ ತಗೋರಿ ಸರ್," ಎಂದಳು. "ನಿಮ್ದ ಐತಿ. ಸಕ್ಕರಿ ಹಾಕಿಲ್ಲ."